ಕೇಳುವವರ ಮುಖಕ್ಕೆ ಕ್ಯಾಮೆರಾ, ನಡುವೆ ನಿಜವಾದ ತಂತಿ: ಫೋನ್ ಮೇಲಿನ ಕಿರುಚಿತ್ರ ಮಾಡಿದ ಅನುಭವ

"ಫೋನ್ ದನಿ ಬೇಕಾ? ಡಬ್ಬಿಂಗಲ್ಲಿ ಮಾತಾಡಿಸು. 300 ಹರ್ಟ್ಸ್ ಕೆಳಗಿನದು ಕತ್ತರಿಸು, 3400ರ ಮೇಲಿನದು ಕತ್ತರಿಸು, ಚೂರು ಡಿಸ್ಟಾರ್ಷನ್ ಹಾಕು. ಮುಗೀತು."

ಈ ಚಿತ್ರದ ಮಾತೆತ್ತಿದಾಗ ಹೆಚ್ಚುಕಮ್ಮಿ ಎಲ್ಲರೂ ಹೇಳಿದ್ದು ಇದನ್ನೇ. ನಾನೂ ಬೇರೆಯವರ ಚಿತ್ರಗಳಿಗೆ ಹೀಗೇ ಮಾಡಿಕೊಟ್ಟಿದ್ದೇನೆ, ದುಡ್ಡೂ ತಗೊಂಡಿದ್ದೇನೆ. ಆದರೆ ಫೋನೇ ಕಥೆಯಾದಾಗ ತೀರಾ ದಪ್ಪ, ತೀರಾ ತೆಳು ದನಿ ಕತ್ತರಿಸುವ ಈ ಫಿಲ್ಟರ್ ಕೆಲಸಕ್ಕೆ ಬರುವುದಿಲ್ಲ ಅಂತ ನನಗೆ ಅನ್ನಿಸಿತ್ತು. ಯಾರೂ ನಂಬಲಿಲ್ಲ. ಈಗ ಚಿತ್ರ ಮುಗಿದಿದೆ, ಒಂದಷ್ಟು ಜನ ನೋಡಿದ್ದಾರೆ, ಅವತ್ತು ನಕ್ಕವರೇ "ಅದು ಹೇಗೆ ಮಾಡಿದೆ ಮಾರಾಯ" ಅಂತ ಕೇಳುತ್ತಿದ್ದಾರೆ. ಅದಕ್ಕೇ ಬರೆಯುತ್ತಿದ್ದೇನೆ.

ಚಿತ್ರ ಹದಿನಾಲ್ಕು ನಿಮಿಷದ್ದು. ಕಿತ್ತೂರು ಕಡೆಯ ಹಳ್ಳಿಯಲ್ಲಿ ತಾಯಿ, ಬೆಂಗಳೂರಲ್ಲಿ ಮಗ. ಮೂರು ಕರೆ. ಮೊದಲನೆಯದು ಡಯಲ್ ತಿರುಗಿಸುವ ಕಪ್ಪು ಫೋನಿನಿಂದ, ಎರಡನೆಯದು ಎಸ್‌ಟಿಡಿ ಬೂತಿನಿಂದ, ಮೂರನೆಯದು ಮೊಬೈಲಿನಿಂದ. ಮೂರರಲ್ಲೂ ಸಂಭಾಷಣೆ ಒಂದೇ. ನಟರಿಗೆ ಕೊಟ್ಟ ಹಾಳೆ ಮೂರಕ್ಕೂ ಅದೇ. ಇನ್ನೊಂದು ಷರತ್ತು, ಮಾತಾಡುವವರನ್ನು ತೋರಿಸುವಂತಿಲ್ಲ. ಪರದೆಯ ಮೇಲೆ ಯಾವಾಗಲೂ ಕೇಳಿಸಿಕೊಳ್ಳುತ್ತಿರುವ ಮುಖ. ಅವರು ಬಾಯಿ ತೆರೆದ ಕೂಡಲೇ ಕಟ್, ಆಚೆ ಕಡೆಯವರ ಮುಖ.

"ಒಂದೇ ಡೈಲಾಗ್ ಮೂರು ಸಲ ಕೇಳೋಕೆ ಜನಕ್ಕೇನು ಹುಚ್ಚಾ?" ಅಂದ ನಿರ್ಮಾಪಕ ಗೆಳೆಯ ಕಾಫಿ ಬಿಲ್ಲು ಮಾತ್ರ ಕೊಟ್ಟು ಹೋದ. ದುಡ್ಡು ನನ್ನದೇ ಹಾಕಿದೆ. ಅಂದಾಜು ಮಾಡಿದ್ದು ಅರವತ್ತು ಸಾವಿರ. ಆದದ್ದು ಒಂದು ಲಕ್ಷ ಅರವತ್ತರ ಆಸುಪಾಸು. ಎಲ್ಲಿ ಹೋಯಿತು ಅಂತ ಆಮೇಲೆ ಹೇಳುತ್ತೇನೆ.

ಮೊದಲ ಸಲ ಎಲ್ಲರೂ ಮಾಡುವ ಹಾಗೆಯೇ ಶೂಟ್ ಮಾಡಿದೆವು. ತಾಯಿಯ ಪಾತ್ರದವರನ್ನು ಒಂದು ದಿನ, ಮಗನ ಪಾತ್ರದವನನ್ನು ಇನ್ನೊಂದು ದಿನ. ಎದುರಿನವರ ಮಾತನ್ನು ಅಸಿಸ್ಟೆಂಟ್ ಕ್ಯಾಮೆರಾ ಹಿಂದೆ ನಿಂತು ಓದುತ್ತಿದ್ದ. ತಾಯಿಯಾಗಿ ಮಾಡಿದವರು ಧಾರವಾಡದ ಹಳೆಯ ರಂಗನಟಿ, ಕಸುಬಿನಲ್ಲಿ ನನಗಿಂತ ಎಷ್ಟೋ ದೊಡ್ಡವರು. ಅವರಿಂದಲೂ ಆಗಲಿಲ್ಲ. ಕೇಳುವುದನ್ನು ನಟಿಸಲು ಹೋದರೆ ಮನುಷ್ಯ ತಲೆ ಆಡಿಸುತ್ತಾನೆ, ಹುಬ್ಬು ಏರಿಸುತ್ತಾನೆ, ಪ್ರತಿ ವಾಕ್ಯಕ್ಕೂ ಮುಖದಲ್ಲಿ ಒಂದು ಉತ್ತರ ಕೊಡುತ್ತಾನೆ. ನಿಜವಾಗಿ ಫೋನಿನಲ್ಲಿ ಕೇಳುವವರನ್ನು ಗಮನಿಸಿದ್ದೀರಾ? ಮುಖ ಏನೂ ಮಾಡುವುದಿಲ್ಲ. ಕೈ ಮಾಡುತ್ತದೆ. ಗೋಡೆಯ ಸುಣ್ಣ ಕೆರೆಯುತ್ತದೆ, ವೈರಿನ ಸುರುಳಿಗೆ ಬೆರಳು ತೂರಿಸುತ್ತದೆ, ಕ್ಯಾಲೆಂಡರಿನ ಹಾಳೆ ಎತ್ತಿ ಮುಂದಿನ ತಿಂಗಳು ನೋಡುತ್ತದೆ. ಇದನ್ನು ಹೇಳಿ ಮಾಡಿಸಲು ಹೋದರೆ ಇನ್ನೂ ಕೆಡುತ್ತದೆ. ಇಪ್ಪತ್ತೆರಡು ಸಾವಿರ ಖರ್ಚಾಯಿತು. ಅದರಲ್ಲಿ ಒಂದು ಶಾಟ್ ಕೂಡ ಚಿತ್ರದಲ್ಲಿಲ್ಲ.

ಆಗ ತೀರ್ಮಾನ ಮಾಡಿದೆ, ಇಬ್ಬರೂ ಒಂದೇ ಹೊತ್ತಿಗೆ ನಿಜವಾಗಿ ಮಾತಾಡಬೇಕು. ಬೇರೆ ಬೇರೆ ಮನೆಯಲ್ಲಿ ಕೂತು, ಮುಖ ಕಾಣದ ಹಾಗೆ, ತಂತಿಯ ಮೇಲೆ.

ಎಸ್‌ಪಿ ರೋಡಿನ ಎಲೆಕ್ಟ್ರಾನಿಕ್ಸ್ ಅಂಗಡಿಗಳಿಗೆ ಹೋಗಿ ಸೆಕೆಂಡ್ ಹ್ಯಾಂಡ್ ಇಂಟರ್‌ಕಾಮ್ ಪೆಟ್ಟಿಗೆಯೊಂದನ್ನು ತಂದೆ. ಅಪಾರ್ಟ್‌ಮೆಂಟುಗಳಲ್ಲಿ ಇರುತ್ತದಲ್ಲ, ಅದು. ನಾಲ್ಕೂವರೆ ಸಾವಿರ. ಡಯಲ್ ಟೋನ್ ಬರುತ್ತದೆ, ರಿಂಗ್ ಆಗುತ್ತದೆ, ಇನ್ನೇನು ಬೇಕು ಅಂದುಕೊಂಡೆ. ಆ ಪೆಟ್ಟಿಗೆಗೆ ಬಟನ್ ಫೋನಿನ ಟೋನ್ ಮಾತ್ರ ಅರ್ಥವಾಗುತ್ತಿತ್ತು. ಡಯಲ್ ತಿರುಗಿಸಿದರೆ ಸುಮ್ಮನೆ ಟೋನ್ ಕೊಡುತ್ತಾ ಕೂರುತ್ತಿತ್ತು. ಮೇಲಾಗಿ ಅದರದ್ದೇ ಒಂದು ಗುಂಯ್ ಸದ್ದು, ಎಲ್ಲ ಟ್ರ್ಯಾಕಿನಲ್ಲೂ. ಈಗ ಅದು ನಮ್ಮ ಮನೆಯ ಮಹಡಿಗೂ ಅಡುಗೆಮನೆಗೂ ಇಂಟರ್‌ಕಾಮ್ ಆಗಿದೆ. ಊಟಕ್ಕೆ ಕರೆಯಲು ಚೆನ್ನಾಗಿದೆ.

ದಾರಿ ತೋರಿಸಿದವರು ಕಿತ್ತೂರು ಕಡೆಯ ಒಬ್ಬ ನಿವೃತ್ತ ಲೈನ್‌ಮನ್. ಕಿತ್ತೂರನ್ನು ನಾನು ಸುಮ್ನೆ ಆರಿಸಿಕೊಂಡದ್ದಲ್ಲ. 1984ರಲ್ಲಿ ಶುರುವಾದ ಸರ್ಕಾರಿ ದೂರಸಂಪರ್ಕ ಸಂಶೋಧನಾ ಸಂಸ್ಥೆ ಸಿ-ಡಾಟ್ ಹಳ್ಳಿಗಳಿಗಂತ ಮಾಡಿದ, ಆಪರೇಟರ್ ಇಲ್ಲದೆ ತಾನೇ ಕರೆ ಜೋಡಿಸುವ 128 ಪೋರ್ಟಿನ ರ‍್ಯಾಕ್ಸ್ ಎಕ್ಸ್‌ಚೇಂಜ್ ಇತ್ತಲ್ಲ, ಅದರಲ್ಲಿ ಮೊದಲನೆಯದನ್ನು 1986ರಲ್ಲಿ ಕೂಡಿಸಿದ್ದು ಕಿತ್ತೂರಿನಲ್ಲೇ. ಏಸಿ ಬೇಡದ ಎಕ್ಸ್‌ಚೇಂಜ್, ನಮ್ಮ ಬಿಸಿಲು ಧೂಳಿಗೆ ಅಂತಲೇ ಮಾಡಿದ್ದು. ರಾಣಿ ಚೆನ್ನಮ್ಮನ ಊರು ಅನ್ನುವುದು ಎಲ್ಲರಿಗೂ ಗೊತ್ತು, ಇದು ಎಷ್ಟು ಜನಕ್ಕೆ ಗೊತ್ತು? ಮೊದಲ ಕರೆ ನಡೆಯುವ ಕಾಲವನ್ನು ಅದರ ಆಸುಪಾಸಿಗೇ ಇಟ್ಟುಕೊಂಡಿದ್ದೆ. ಅದಕ್ಕಿಂತ ಹಿಂದಿನ ಕಾಲ ಹಿಡಿದರೆ ಟ್ರಂಕ್ ಕಾಲ್ ಬುಕ್ ಮಾಡುವುದು, ಆಪರೇಟರು, ಗಂಟೆಗಟ್ಟಲೆ ಕಾಯುವುದು ಎಲ್ಲ ಬರುತ್ತದೆ. ಅದು ಬೇರೆಯೇ ಸಿನಿಮಾ.

ಆ ಕಾಕಾ ನನ್ನ ಇಂಟರ್‌ಕಾಮ್ ಕಥೆ ಕೇಳಿ ನಕ್ಕರು. "ಎಕ್ಸ್‌ಚೇಂಜ್ ಯಾಕ ಬೇಕೋ ತಮ್ಮಾ ನಿನಗ? ಇಬ್ಬರ ಮಾತಾಡೂದಲ್ಲಾ? ಎರಡು ಫೋನ್, ನಡುವ ಒಂದು ಬ್ಯಾಟರಿ. ಮುಗದ ಹೋತು."

ಅಷ್ಟೇ ನೋಡಿ. ಎರಡು ಹಳೆಯ ಫೋನು, ಅವಕ್ಕೆ ಸಾಲಾಗಿ ಬ್ಯಾಟರಿ, ಒಂದು ರೆಸಿಸ್ಟರ್. ಎಕ್ಸ್‌ಚೇಂಜಿನಿಂದ ಬರುವುದು 48 ವೋಲ್ಟ್, ಆದರೆ ಅಷ್ಟು ಬೇಕಿಲ್ಲ. ಯುಪಿಎಸ್‌ನ 12 ವೋಲ್ಟಿನ ಎರಡು ಬ್ಯಾಟರಿ ಸೇರಿಸಿ 24 ಮಾಡಿದೆ. 300 ಓಮಿನ ರೆಸಿಸ್ಟರ್ ಹಾಕಿದರೆ ಲೂಪಿನಲ್ಲಿ, ಅಂದರೆ ಫೋನು ತಂತಿ ಬ್ಯಾಟರಿ ಸೇರಿದ ಸುತ್ತಿನಲ್ಲಿ, 25 ಮಿಲಿಆಂಪ್ ಆಚೀಚೆ ಹರಿಯುತ್ತದೆ. ಹಳೆಯ ಫೋನಿನ ಕಾರ್ಬನ್ ಮೈಕಿಗೆ ಅದು ಹದವಾಗಿ ಸಾಕು. ಇದು ನಮ್ಮದೇ ತಂತಿ, ಊರಿನ ಲೈನಿಗೆ ಎಲ್ಲೂ ಮುಟ್ಟಿಸಿಲ್ಲ. ನೀವೂ ಮುಟ್ಟಿಸಬೇಡಿ. ಆ ಲೈನಿನಲ್ಲಿ ರಿಂಗ್ ಬಂದಾಗ 75 ವೋಲ್ಟೋ ಅದಕ್ಕಿಂತ ಜಾಸ್ತಿಯೋ ಎಸಿ ಕರೆಂಟು ಬರುತ್ತದೆ. ಬರಿಗೈಯಲ್ಲಿ ತಂತಿ ಹಿಡಿದುಕೊಂಡು ಅದನ್ನು ತಿಂದ ನೆನಪು ಯಾವ ಲೈನ್‌ಮನ್ನಿಗೆ ಕೇಳಿದರೂ ಇರುತ್ತದೆ.

ನಮ್ಮ ಫೋನಿಗೆ ಗಂಟೆ ಹೊಡೆಸಿದ್ದು ಹೇಗೆ ಅಂತ ಬರೆಯುವುದಿಲ್ಲ. ಒಂದು, ಕರೆಂಟಿನ ವಿಷಯ, ಓದಿಕೊಂಡು ಮಾಡುವಂಥದ್ದಲ್ಲ. ಎರಡು, ಅದು ನನ್ನ ಬಂಡವಾಳ.

ಫೋನುಗಳು ಹುಬ್ಬಳ್ಳಿಯ ಗುಜರಿಯಲ್ಲಿ ಸಿಕ್ಕವು, ಒಂದಕ್ಕೆ ಐನೂರು ಆರುನೂರರಂತೆ. ಬೆಂಗಳೂರಿನಲ್ಲಿ ಅದೇ ಫೋನನ್ನು ಪಾಲಿಶ್ ಹೊಡೆದು, ಆಂಟಿಕ್ ಅಂತ ಚೀಟಿ ಅಂಟಿಸಿ ಮೂರೂವರೆ ಸಾವಿರ ಹೇಳುತ್ತಾರೆ. ತಮಾಷೆ ಏನೆಂದರೆ ಅವು ಹುಟ್ಟಿದ್ದು ಬೆಂಗಳೂರಿನ ದೂರವಾಣಿನಗರದಲ್ಲಿ, 1948ರಲ್ಲಿ ಶುರುವಾದ ಐಟಿಐ, ಅಂದರೆ ಇಂಡಿಯನ್ ಟೆಲಿಫೋನ್ ಇಂಡಸ್ಟ್ರೀಸ್ ಕಾರ್ಖಾನೆಯಲ್ಲಿ. ಊರೂರು ಸುತ್ತಿ ಹುಬ್ಬಳ್ಳಿಯಲ್ಲಿ ಕೆಜಿ ಲೆಕ್ಕದಲ್ಲಿ ಬಿದ್ದಿದ್ದವು. ಆರು ತಂದೆ, ಕೂಡಿಸಿ ಕಳೆದು ಮೂರು ಕೆಲಸ ಮಾಡಿದವು.

ಕಾರ್ಬನ್ ಮೈಕಿನ ಕಾಟ ಗೊತ್ತಿದ್ದವರಿಗೇ ಗೊತ್ತು. ಒಳಗೆ ರವೆಯಷ್ಟು ಸಣ್ಣ ಇದ್ದಿಲ ಕಾಳು ಇರುತ್ತದೆ. ದನಿ ಬಡಿದಾಗ ಆ ಕಾಳು ಒತ್ತಿಕೊಂಡು ಸಡಿಲವಾಗಿ ಕರೆಂಟನ್ನು ಏರಿಸಿ ಇಳಿಸುತ್ತದೆ. ಮಳೆಗಾಲದಲ್ಲಿ ತೇವ ಹೀರಿಕೊಂಡು ಕಾಳು ಗಟ್ಟಿಯಾಗಿ ಕೂರುತ್ತದೆ, ಆಗ ದನಿ ಎಲ್ಲೋ ಕೆಳಗಿಳಿದು ಹೋಗುತ್ತದೆ, ಇಲ್ಲವೇ ಬರೀ ಚರಚರ. ರಿಸೀವರನ್ನು ಅಂಗೈಗೆ ಬಡಿದರೆ ಸ್ವಲ್ಪ ಹೊತ್ತು ಸರಿಹೋಗುತ್ತದೆ. ಹಳೆಯ ಕಾಲದವರು ಫೋನ್ ಎತ್ತಿ ಎರಡೇಟು ಹಾಕಿಯೇ ಮಾತಾಡುತ್ತಿದ್ದದ್ದು ನೆನಪಿದೆ ಅಲ್ವಾ? ನಮ್ಮ ನಟಿ ಅದನ್ನು ಯಾರೂ ಹೇಳದೆ ಮಾಡಿದರು, ಕೈಗೇ ನೆನಪಿತ್ತು. ಅದು ಚಿತ್ರದಲ್ಲಿದೆ. ಇಡೀ ದಿನ ಕಾಳು ಸಡಿಲವಾಗಿ ಉಳಿಯಲು ಕಾಕಾ ಒಂದು ಉಪಾಯ ಹೇಳಿಕೊಟ್ಟರು. ಅವರ ಅಪ್ಪಣೆ ಇಲ್ಲದೆ ಅದನ್ನು ಇಲ್ಲಿ ಹಾಕುವಂತಿಲ್ಲ.

ರೆಕಾರ್ಡಿಂಗಿಗೆ ಬರೋಣ. ಲೈನನ್ನು ನೇರವಾಗಿ ರೆಕಾರ್ಡರಿಗೆ ಚುಚ್ಚಿದರೆ ಬ್ಯಾಟರಿಯ ಡಿಸಿ ಕರೆಂಟೂ ಒಳಗೆ ಹೋಗುತ್ತದೆ. ಅದನ್ನು ತಡೆದು ದನಿ ಮಾತ್ರ ದಾಟಿಸಲು ನಡುವೆ 600 ಓಮಿನ ಟ್ರಾನ್ಸ್‌ಫಾರ್ಮರ್ ಬೇಕು, ಮುಂದೆ ಒಂದು ಕೆಪಾಸಿಟರ್. ಹೊಸ ಟ್ರಾನ್ಸ್‌ಫಾರ್ಮರ್ ಹುಡುಕಿ ದುಡ್ಡು ಸುರಿಯಬೇಡಿ. ಹಳೆಯ ಡಯಲ್‌ಅಪ್ ಮೋಡೆಮ್ ಒಡೆದರೆ ಒಳಗೆ ಚೌಕಾಕಾರದ ಪುಟ್ಟದೊಂದು ಸಿಗುತ್ತದೆ. ಗುಜರಿಯಲ್ಲಿ ಮೋಡೆಮ್ಮಿಗೆ ಮೂವತ್ತು ರೂಪಾಯಿ ಕೊಟ್ಟೆ. ಎರಡೂ ಮನೆಯಲ್ಲಿ ಒಂದೊಂದು ರೆಕಾರ್ಡರ್. ಒಂದು ಚಾನೆಲ್ಲಿಗೆ ಲೈನು, ಇನ್ನೊಂದಕ್ಕೆ ನಟರ ಎದೆಯ ಲ್ಯಾಪೆಲ್ ಮೈಕು. ಪರದೆ ಮೇಲಿನವರ ಉಸಿರು ಲ್ಯಾಪೆಲಿನಿಂದ, ಎದುರಿನವರ ಮಾತು ತಂತಿಯಿಂದ. ಮಿಕ್ಸಿಂಗ್ ಅಂತ ಮಾಡಿದ್ದು ಇಷ್ಟೇ. ಒಂದು ಸ್ಟುಡಿಯೊದವರು ಧ್ವನಿಗೆ ನಲವತ್ತು ಸಾವಿರ ಕೇಳಿದ್ದರು, ಅದೂ ಅವರ ಟೆಲಿಫೋನ್ ಫಿಲ್ಟರ್ ಹಾಕಲೇಬೇಕು ಅನ್ನುವ ಹಟದ ಜತೆಗೆ. ನಮಸ್ಕಾರ ಹೇಳಿ ಬಂದೆ.

ಸಿಂಕ್, ಅಂದರೆ ಚಿತ್ರಕ್ಕೂ ದನಿಗೂ ಹೊತ್ತು ಹೊಂದಿಸುವ ಕೆಲಸ, ಅದರ ಬಗ್ಗೆ ಸ್ವಲ್ಪ ಜಂಬ ಪಡುತ್ತೇನೆ. ಎರಡು ಮನೆ, ಎರಡು ಕ್ಯಾಮೆರಾ, ಎರಡು ರೆಕಾರ್ಡರ್. ಎಲ್ಲಕ್ಕೂ ಒಂದೇ ಗಡಿಯಾರ ಕೊಡುವ ಟೈಮ್‌ಕೋಡ್ ಪೆಟ್ಟಿಗೆಗಳ ಬಾಡಿಗೆ ಕೇಳಿಯೇ ಬಾಯಿ ಒಣಗಿತು. ಕ್ಲ್ಯಾಪ್ ಹೊಡೆದರೆ ಒಂದೇ ಮನೆಗೆ ಕೇಳುತ್ತದೆ. ಆಗ ಹೊಳೆಯಿತು, ಡಯಲ್ ಇದೆಯಲ್ಲ! ಸೊನ್ನೆ ತಿರುಗಿಸಿ ಬಿಟ್ಟರೆ ಅದು ವಾಪಸ್ ಬರುವಾಗ ಲೂಪನ್ನು ಹತ್ತು ಸಲ ಕಡಿದು ಕೂಡಿಸುತ್ತದೆ, ಸೆಕೆಂಡಿಗೆ ಹತ್ತರಂತೆ. ಎರಡೂ ಕಡೆಯ ಲೈನ್ ಟ್ರ್ಯಾಕಿನಲ್ಲಿ ಹತ್ತು ಚೂಪು ಗೆರೆ ಬೀಳುತ್ತವೆ, ಒಂದೇ ಕ್ಷಣಕ್ಕೆ. ಪ್ರತಿ ಟೇಕಿಗೂ ಮೊದಲು ಅಸಿಸ್ಟೆಂಟ್ ಒಮ್ಮೆ ಸೊನ್ನೆ ತಿರುಗಿಸುತ್ತಿದ್ದ. ಎಡಿಟಿಂಗಿನಲ್ಲಿ ಗೆರೆಗೆ ಗೆರೆ ಕೂಡಿಸಿದರೆ ಫ್ರೇಮ್ ಕೂಡ ಆಚೀಚೆ ಆಗಲಿಲ್ಲ. ದುಡ್ಡು ಕೊಟ್ಟು ಟೈಮ್‌ಕೋಡ್ ತರಿಸುವ ಗೆಳೆಯರಿಗೆ ಇದನ್ನು ತೋರಿಸಿ ಬಹಳ ಖುಷಿಪಟ್ಟೆ.

ಎರಡು ಮನೆಯ ನಡುವೆ ನೂರೈವತ್ತು ಮೀಟರ್ ಡ್ರಾಪ್ ವೈರ್, ಅಂದರೆ ಕಂಬದಿಂದ ಮನೆಗೆ ಎಳೆಯುವ ಫೋನ್ ತಂತಿ, ಎಳೆದಿದ್ದೆವು. ಬೆಂಗಳೂರಿನ ರೂಮ್ ಅಂತ ತೋರಿಸಿದ್ದು ಅದೇ ಹಳ್ಳಿಯ ಇನ್ನೊಂದು ಮನೆ, ಕಿಟಕಿಗೆ ಹಳೆಯ ಪೇಪರ್ ಅಂಟಿಸಿ. ಬೆಳಗ್ಗೆ ಚೆನ್ನಾಗಿದ್ದ ಲೈನು ಒಂದು ಹೊತ್ತಿನಲ್ಲಿ ಇದ್ದಕ್ಕಿದ್ದಂತೆ ಗುಂಯ್ ಅನ್ನಲು ಶುರು. ವೈರ್ ಬದಲಿಸಿದೆ, ಬ್ಯಾಟರಿ ಬದಲಿಸಿದೆ, ಜಗ್ಗಲಿಲ್ಲ. ಕೊನೆಗೆ ಮನೆಯ ಮಾಲೀಕರು ಕಿಟಕಿಯಿಂದ ಹೊರಗೆ ನೋಡಿ ಅಂದರು, "ತ್ರೀ ಫೇಸ್ ಬಂದೇತ್ರಿ." ಸುತ್ತಲಿನ ಹೊಲದ ಪಂಪ್‌ಸೆಟ್‌ಗಳೆಲ್ಲ ಒಟ್ಟಿಗೆ ಹೊರಟಿದ್ದವು. ನಮ್ಮ ವೈರು ಅವುಗಳ ಕರೆಂಟು ತಂತಿಯ ಪಕ್ಕಪಕ್ಕದಲ್ಲೇ ದಾರಿಯುದ್ದಕ್ಕೂ ಹೋಗಿತ್ತು. ಅಡ್ಡ ದಾಟಿಸಿ, ಇನ್ನೊಂದು ಬದಿಯಿಂದ ತಂದ ಮೇಲೆ ಅರ್ಧ ಕಡಿಮೆಯಾಯಿತು. ಉಳಿದರ್ಧಕ್ಕೆ ಮದ್ದು ಸಿಂಗಲ್ ಫೇಸ್ ಇರುವ ಹೊತ್ತಿನಲ್ಲಿ ಶೂಟ್ ಮಾಡುವುದು. ಹಾಗಾಗಿ ನಮ್ಮ ಕಾಲ್‌ಶೀಟನ್ನು ಬರೆದದ್ದು ಕರೆಂಟಿನ ವೇಳಾಪಟ್ಟಿ.

ಈಗ ಅಸಲಿ ವಿಷಯ. ಸಂಭಾಷಣೆಯ ನಡುವಿನ ತುಂಡು ಇದು:

"ಅವ್ವಾ, ಉಂಡಿ?"
"ಉಂಡೇನಪಾ. ನೀ?"
"ಹೂಂ. ಅವ್ವಾ, ನಾ ಈ ಸಲ ಜಾತ್ರಿಗೆ ಬರೂದಿಲ್ಲ."
"ಆತು ಬಿಡು."

ಕಪ್ಪು ಫೋನಿನಲ್ಲಿ ಇದನ್ನು ಮಾಡಿದಾಗ, "ಬರೂದಿಲ್ಲ" ಆದಮೇಲೆ ಆ ತಾಯಿ ಸುಮ್ಮನಾದರು. ಹಾಳೆಯಲ್ಲಿ ಅಲ್ಲಿ ವಿರಾಮ ಅಂತ ಬರೆದೇ ಇರಲಿಲ್ಲ. ಹತ್ತು ಸೆಕೆಂಡಿಗೂ ಜಾಸ್ತಿ. ಆದರೆ ತಂತಿ ಸುಮ್ಮನಿರಲಿಲ್ಲ. ಮಗನ ಕಿವಿಗೆ ಅವ್ವನ ಉಸಿರು ಕೇಳುತ್ತಿತ್ತು, ಗೋಡೆ ಗಡಿಯಾರ ಕೇಳುತ್ತಿತ್ತು, ಹಿತ್ತಲಿನ ಎಮ್ಮೆಯ ಗಂಟೆ ಕೇಳುತ್ತಿತ್ತು. ಅವಳು ಅಲ್ಲೇ ಇದ್ದಾಳೆ ಅಂತ ಅವನಿಗೆ ಗೊತ್ತು. ಹಾಗಾಗಿ ಅವನು ಕಾದ. ಆ ಕಾಯುವ ಮುಖ ನನಗೆ ಬೇಕಾದದ್ದು. ಮೊದಲ ಶೂಟಿನಲ್ಲಿ ಎಷ್ಟು ಹೇಳಿದರೂ ಬಂದಿರಲಿಲ್ಲ, ಇಲ್ಲಿ ಕೇಳದೆ ಬಂತು.

ಅದೇ ತುಂಡನ್ನು ಮೊಬೈಲಿನಲ್ಲಿ ಮಾಡಿಸಿದಾಗ ಬೇರೆಯೇ ಆಯಿತು. ಮೊಬೈಲು ಯಾರೂ ಮಾತಾಡದಿರುವಾಗ ದನಿ ಕಳಿಸುವುದನ್ನೇ ನಿಲ್ಲಿಸಿಬಿಡುತ್ತದೆ, ಬ್ಯಾಟರಿ ಉಳಿಯಲಿ, ನೆಟ್‌ವರ್ಕಿನಲ್ಲಿ ಜಾಗ ಉಳಿಯಲಿ ಅಂತ. ಆಚೆಯವರಿಗೆ ಲೈನ್ ಸತ್ತಿತು ಅನ್ನಿಸಬಾರದಲ್ಲ? ಅದಕ್ಕೆ ಅವರ ಫೋನು ತಾನೇ ಸಣ್ಣದೊಂದು ಸೊಯ್ ಸದ್ದು ಹುಟ್ಟಿಸಿ ಕೇಳಿಸುತ್ತದೆ. ಕಂಫರ್ಟ್ ನಾಯ್ಸ್ ಅನ್ನುತ್ತಾರೆ. ಅಂದರೆ ನೀವು ಮೊಬೈಲಿನಲ್ಲಿ ಕೇಳುವ ಮೌನ ಆಚೆಯವರದ್ದಲ್ಲ, ನಿಮ್ಮ ಫೋನಿನದ್ದು. ಅದರ ಮೇಲೆ ಸುತ್ತಲಿನ ಸದ್ದು ಒರೆಸಿಹಾಕುವ ಸಾಫ್ಟ್‌ವೇರ್ ಬೇರೆ. ಗಡಿಯಾರ ಹೋಯಿತು, ಎಮ್ಮೆ ಹೋಯಿತು, ಉಸಿರೂ ಹೋಯಿತು. ಮಾತು ಮಾತ್ರ ಕಪ್ಪು ಫೋನಿಗಿಂತ ಎಷ್ಟೋ ಸ್ವಚ್ಛ, ಎಚ್‌ಡಿ ವಾಯ್ಸ್‌ನಲ್ಲಿ 7000 ಹರ್ಟ್ಸ್‌ವರೆಗೂ ಬರುತ್ತದೆ. ನಮ್ಮ ಹುಡುಗ ಎರಡು ಸೆಕೆಂಡ್ ಕಾದ. ಆಮೇಲೆ "ಹಲೋ? ಹಲೋ? ಅವ್ವಾ?" ಅಂದ. ಅದೂ ಹಾಳೆಯಲ್ಲಿರಲಿಲ್ಲ. ಮೊಬೈಲಿನಲ್ಲಿ ದನಿ ತಲುಪುವುದೂ ತಡ, ನಾವು ಎರಡೂ ಕಡೆ ಚಪ್ಪಾಳೆ ರೆಕಾರ್ಡ್ ಮಾಡಿ ಅಳೆದಾಗ ಕಾಲು ಸೆಕೆಂಡಿನ ಆಸುಪಾಸು ಬಂತು. ಅವನ "ಹಲೋ" ಹೊರಟ ಹೊತ್ತಿಗೇ ಅವಳ "ಆತು ಬಿಡು" ಹೊರಟಿತ್ತು. ಎರಡೂ ಡಿಕ್ಕಿ ಹೊಡೆದವು. ಅವನಿಗೆ ಅದು ಕೇಳಿಸಲೇ ಇಲ್ಲ.

ನಾನು ಬರೆದದ್ದು ಒಂದೇ ಸಂಭಾಷಣೆ. ತಂತಿ ಅದನ್ನು ಒಂದು ಥರ ಮುಗಿಸಿತು, ಟವರು ಇನ್ನೊಂದು ಥರ. ಡಬ್ಬಿಂಗ್ ಥಿಯೇಟರಿನಲ್ಲಿ ಕೂತು ದನಿಯ ದಪ್ಪ ತೆಳು ಹೊಂದಿಸುವ ಈಕ್ಯೂ ತಿರುಗಿಸುತ್ತಿದ್ದರೆ ಈ ಎರಡರಲ್ಲಿ ಒಂದೂ ಸಿಗುತ್ತಿರಲಿಲ್ಲ.

ಮೊಬೈಲ್ ಕರೆಯ ರೆಕಾರ್ಡಿಂಗ್ ಬಹಳ ತಲೆ ತಿಂದಿತು. ಕರೆ ರೆಕಾರ್ಡ್ ಮಾಡುವ ಆ್ಯಪ್‌ಗಳು 2022ರಿಂದೀಚೆ ಹೆಚ್ಚುಕಮ್ಮಿ ಸತ್ತಿವೆ. ನಮ್ಮ ಫೋನಿನಲ್ಲೇ ಇದ್ದ ಸೌಲಭ್ಯ ಬಳಸಿದರೆ, ಕರೆ ರೆಕಾರ್ಡ್ ಆಗುತ್ತಿದೆ ಅಂತ ಒಂದು ಹೆಂಗಸಿನ ದನಿ ಎರಡೂ ಕಡೆ ಘೋಷಣೆ ಮಾಡುತ್ತಿತ್ತು. ಒಳ್ಳೆಯ ಟೇಕ್ ಶುರುವಾಗುವಾಗ ಆ ಘೋಷಣೆ ಬಂತು. ನಮ್ಮ ನಟಿ ಪಾತ್ರದಲ್ಲೇ ಇದ್ದುಕೊಂಡು "ಯಾರಪಾ ಅಕಿ, ನಿನ್ನ ಜೋಡಿ?" ಅಂತ ಕೇಳಿಬಿಟ್ಟರು. ಇಡೀ ಯೂನಿಟ್ ಬಿದ್ದು ಬಿದ್ದು ನಕ್ಕಿತು, ಟೇಕ್ ಹೋಯಿತು. ಕೊನೆಗೆ ಹೆಡ್‌ಫೋನ್ ತೂತು ಇರುವ ಹಳೆಯ ಎರಡು ಮೊಬೈಲ್ ಕೊಂಡು, ಅಲ್ಲಿಂದ ಅಡಾಪ್ಟರಿನಲ್ಲಿ ಸೀಳಿ ರೆಕಾರ್ಡರಿಗೆ ಕೊಟ್ಟೆ. ಎರಡಕ್ಕೂ ಸೇರಿ ಏಳು ಸಾವಿರದಷ್ಟು. ಪರದೆ ಮೇಲೆ ಕಾಣುವುದು ಬೇರೆ ಹೊಸ ಫೋನು.

ಬೂತಿನ ಕರೆ ಮೂರರಲ್ಲಿ ಸುಲಭವಾಗಿ ಆದದ್ದು, ಆದರೆ ದುಡ್ಡು ಅಲ್ಲೇ ಜಾಸ್ತಿ ಹೋಯಿತು. ಬೂತ್ ಸೆಟ್ ಬಾಡಿಗೆಗೆ ಕೇಳಿದಾಗ ದಿನಕ್ಕೆ ಹನ್ನೆರಡು ಸಾವಿರ ಅಂದರು. ಪ್ಲೈವುಡ್, ಗಾಜು, ಹಳದಿ ಬಣ್ಣ ತಂದು ನಾವೇ ಕಟ್ಟಿದೆವು. ಬಡಗಿ ಕೂಲಿ ಸೇರಿ ಹದಿನೆಂಟು ಸಾವಿರ ಆಯಿತು, ಬಾಡಿಗೆಯೇ ವಾಸಿ ಇತ್ತೇನೋ. ಮೀಟರ್ ಮಾತ್ರ ಅಸಲಿ. ಒಂದು ಕಾಲದಲ್ಲಿ ಬೂತ್ ಇಟ್ಟು ಈಗ ಜೆರಾಕ್ಸ್ ಅಂಗಡಿ ನಡೆಸುವವರೊಬ್ಬರು ಅಟ್ಟದ ಮೇಲಿಂದ ತೆಗೆದುಕೊಟ್ಟರು. ಕೆಂಪು ಅಂಕಿ, ಪಕ್ಕದಲ್ಲಿ ಬಿಲ್ಲು ಕಕ್ಕುವ ಪುಟ್ಟ ಪ್ರಿಂಟರ್. ಹದಿನೈದು ನೂರು ತಗೊಂಡರು, ಚಹಾ ಕುಡಿಸಿದರು. ಎಕ್ಸ್‌ಚೇಂಜಿನಿಂದ ಬಿಲ್ಲಿನ ಲೆಕ್ಕದ ಪಲ್ಸ್ ಬಾರದೆ ಆ ಮೀಟರ್ ಓಡುವುದಿಲ್ಲ. ಒಳಗಿನ ಅಂಕಿಗಳಿಗೆ ಆರ್ಡುಯಿನೊ ಅನ್ನುವ ಪುಟ್ಟ ಕಂಪ್ಯೂಟರ್ ಬೋರ್ಡ್ ಕಟ್ಟಿ ಓಡಿಸಿದೆ. ಊರು ದೂರವಾದಷ್ಟೂ ಪಲ್ಸ್ ಬೇಗ ಬೇಗ ಬೀಳುತ್ತಿತ್ತಲ್ಲ, ಹಗಲು ಇನ್ನೂ ಬೇಗ. ರಾತ್ರಿ ದರ ಇಳಿಯಲಿ ಅಂತ ಬೂತಿನ ಮುಂದೆ ಸಾಲು ನಿಲ್ಲುತ್ತಿದ್ದ ಕಾಲ ಅದು. ನಾನು ಹಗಲಿನ ಓಟವನ್ನೇ ಇಟ್ಟೆ.

ಮಗನ ಪಾತ್ರದ ಹುಡುಗನಿಗೆ ಆತುರ ಬರಲಿಲ್ಲ. ಅವನು ಮೀಟರ್ ಓಡುವ ಕಾಲದಲ್ಲಿ ಹುಟ್ಟಿದವನೇ ಅಲ್ಲ, ಅನ್‌ಲಿಮಿಟೆಡ್ ಪ್ಯಾಕಿನವನು. ಆಗ ಅವನಿಗೆ ಹೇಳಿದೆ, "ಮೀಟರ್ ಎಷ್ಟು ತೋರಿಸುತ್ತೋ ಅದರ ಹತ್ತರಷ್ಟು ನಿನ್ನ ಪೇಮೆಂಟಲ್ಲಿ ಕಟ್." ನಿಜಕ್ಕೂ ಕಟ್ ಮಾಡುತ್ತೇನೆ ಅಂತ ನಂಬಿದ. ಕಣ್ಣು ಮೀಟರಿನಿಂದ ಕದಲಲಿಲ್ಲ, ಅದೇ ಮಾತು ಮೂರನೇ ಎರಡು ಭಾಗ ಹೊತ್ತಿನಲ್ಲಿ ಮುಗಿಯಿತು. ಇನ್ನೊಂದು ನಾನು ಎಣಿಸಿರದ ಸಂಗತಿ, ಆ ಕಡೆ ತಾಯಿ ಮೌನವನ್ನೇ ಬಿಟ್ಟುಬಿಟ್ಟರು. "ಬರೂದಿಲ್ಲ" ಅಂದ ಮರುಕ್ಷಣ "ಆತು ಬಿಡು". ಯಾಕ್ರೀ ಅಂತ ಆಮೇಲೆ ಕೇಳಿದೆ. "ಮಗನ ರೊಕ್ಕ ಓಡಾಕತ್ತಿರತೈತಲ್ರೀ ಅಲ್ಲೆ, ಸುಮ್ನ ಹೆಂಗ ಕೂಡ್ಲಿ?" ಅಂದರು. ಅವರಿಗೆ ಮೀಟರ್ ಕಾಣುತ್ತಲೂ ಇರಲಿಲ್ಲ. ಹುಡುಗನ ಪೇಮೆಂಟ್ ಪೂರ್ತಿ ಕೊಟ್ಟಿದ್ದೇನೆ, ಚಿಂತೆ ಬೇಡ.

ನಡುನಡುವೆ ಬೇರೆ ಆಟಗಳೂ ನಡೆದವು. ಹಳೆಯ ಫೋನಿನಲ್ಲಿ ನಿಮ್ಮ ದನಿ ನಿಮ್ಮ ಕಿವಿಗೂ ಸ್ವಲ್ಪ ಬರುತ್ತದೆ, ಸೈಡ್‌ಟೋನ್. ಅದು ಕಡಿಮೆಯಾದರೆ ಜನ ತಮಗೇ ತಿಳಿಯದೆ ದನಿ ಏರಿಸುತ್ತಾರೆ. ಕಾಕಾ ಒಂದು ಫೋನಿನೊಳಗೆ ಏನೋ ಬದಲಿಸಿ ಅದನ್ನು ತೆಗೆದುಬಿಟ್ಟರು. ಮೆಲ್ಲಗೆ ಮಾತಾಡುವ ಹುಡುಗ ಐದೇ ನಿಮಿಷದಲ್ಲಿ ಕಿರುಚಲು ಹತ್ತಿದ. ಏನು ಬದಲಿಸಿದರು ಅಂತ ಗೊತ್ತು, ಆದರೆ ಮುಂದಿನ ಚಿತ್ರಕ್ಕೆ ಬೇಕು, ಬರೆಯಲ್ಲ. ಇನ್ನೊಂದು ದಿನ ಲೈನಿನ ನಡುವೆ ಕಂಪ್ಯೂಟರ್ ಇಟ್ಟು ಅರ್ಧ ಸೆಕೆಂಡಿಗೂ ಜಾಸ್ತಿ ತಡ ಕೊಟ್ಟೆವು. ಉಪಗ್ರಹದ ಮೂಲಕ ವಿದೇಶದ ಕರೆ ಬರುತ್ತಿದ್ದ ಕಾಲದ ತಡಕ್ಕಿಂತ ದೊಡ್ಡದು, ಆಗ ಮಾತು 36,000 ಕಿಲೋಮೀಟರ್ ಮೇಲೇರಿ ಇಳಿಯಲು ಕಾಲು ಸೆಕೆಂಡ್ ಹಿಡಿಯುತ್ತಿತ್ತು. "ಹೇಳು ಹೇಳು", "ಇಲ್ಲ ನೀನೇ ಹೇಳು" ಇಷ್ಟರಲ್ಲೇ ಟೇಕ್ ಮುಗಿಯುತ್ತಿತ್ತು. ಹಾಸ್ಯಚಿತ್ರಕ್ಕೆ ಚೆನ್ನಾಗಿತ್ತು, ನಮ್ಮದಕ್ಕೆ ಬೇಡವಾಯಿತು.

ಡಯಲಿಗೆ ಬೀಗ ಹಾಕುತ್ತಿದ್ದ ಮನೆಗಳ ನೆನಪಿದೆಯಾ? ಬೀಗ ಇದ್ದರೂ ಮಕ್ಕಳು ರಿಸೀವರ್ ಇಡುವ ಗುಂಡಿಯನ್ನು ಟಕ ಟಕ ಬಡಿದು ನಂಬರ್ ಹಚ್ಚುತ್ತಿದ್ದರು. ಏಳು ಬೇಕೆಂದರೆ ಏಳು ಸಲ, ಸೊನ್ನೆಗೆ ಹತ್ತು. ಡಯಲ್ ಮಾಡುವ ಕೆಲಸವೂ ಅಷ್ಟೇ ತಾನೇ? ಹಳ್ಳಿಯ ಒಬ್ಬ ಹುಡುಗನಿಗೆ ಇದನ್ನು ಹೇಳಿಕೊಟ್ಟೆ. ಮರುದಿನದಿಂದ ಸಿಂಕ್ ಕೊಡುವ ಕೆಲಸ ಅವನದ್ದೇ ಆಯಿತು, ಅಸಿಸ್ಟೆಂಟಿಗಿಂತ ನಿಯತ್ತಾಗಿ ಮಾಡಿದ. ಅವನೂ ಅವನ ತಂಗಿಯೂ ಬೆಂಕಿಪೊಟ್ಟಣಕ್ಕೆ ದಾರ ಕಟ್ಟಿ ಮಾತಾಡಿದ್ದು ಟೈಟಲ್ ಕಾರ್ಡಿನ ಹಿಂದೆ ಇದೆ.

ಲೆಕ್ಕ ಹೇಳುತ್ತೇನೆ ಅಂದಿದ್ದೆ. ಬಿಸಾಡಿದ ಮೊದಲ ಶೂಟ್ ಇಪ್ಪತ್ತೆರಡು. ನಟರಿಗೆ ಮೂವತ್ತೈದು. ಬೂತು, ಮೀಟರು ಸೇರಿ ಇಪ್ಪತ್ತು. ಲೆನ್ಸ್, ಲೈಟ್ ಬಾಡಿಗೆ ಇಪ್ಪತ್ತೈದು, ಕ್ಯಾಮೆರಾ ಒಂದು ನಂದೇ, ಇನ್ನೊಂದು ಗೆಳೆಯನದು. ಊಟ, ಗಾಡಿ, ಮನೆ ಬಾಡಿಗೆ ಹತ್ತಿರ ಹತ್ತಿರ ಮೂವತ್ತು. ಫೋನು, ವೈರು, ಬ್ಯಾಟರಿ, ಮೊಬೈಲು, ಆ ದರಿದ್ರ ಇಂಟರ್‌ಕಾಮ್ ಎಲ್ಲ ಸೇರಿ ಇಪ್ಪತ್ತರ ಒಳಗೆ. ಉಳಿದದ್ದು ಫೆಸ್ಟಿವಲ್ ಎಂಟ್ರಿ ಫೀಸು. ಅದರಲ್ಲಿ ಮುಕ್ಕಾಲು ಪಾಲು ನೀರಿಗೆ ಹಾಕಿದ್ದು. ಆನ್‌ಲೈನಿನಲ್ಲಿ ಚಂದದ ಹೆಸರು, ಎಲೆಗಳ ಮಾಲೆಯ ಲೋಗೊ ಇರುವ ಉತ್ಸವಗಳಿಗೆಲ್ಲ ಕಟ್ಟಬೇಡಿ. ಪರದೆಯೂ ಇಲ್ಲ, ಕುರ್ಚಿಯೂ ಇಲ್ಲ, ಪಿಡಿಎಫ್ ಸರ್ಟಿಫಿಕೇಟ್ ಮಾತ್ರ ಕಳಿಸುತ್ತಾರೆ.

ಬೆಂಗಳೂರಿನಲ್ಲಿ ಒಂದು ಸಣ್ಣ ಹಾಲಿನಲ್ಲಿ ತೋರಿಸಿದೆವು. ನೂರರ ಹತ್ತಿರ ಜನ. ಎರಡನೇ ಕರೆ ಶುರುವಾದಾಗ ಹಿಂದಿನ ಸಾಲಿನಲ್ಲಿ "ಮತ್ತೆ ಅದೇನಾ" ಅಂತ ಯಾರೋ ಅಂದರು. ಮೂರನೆಯದರಲ್ಲಿ "ಹಲೋ? ಹಲೋ?" ಬಂದಾಗ ಯಾರೂ ಏನೂ ಅನ್ನಲಿಲ್ಲ. ಮುಗಿದ ಮೇಲೆ ಒಬ್ಬ ಹುಡುಗಿ ಬಂದು ಕೇಳಿದಳು, "ಸರ್, ಮೂರನೇ ಸಲ ಅವ್ವ ಏನೋ ಹೇಳಿದ್ರಲ್ಲ, ಮಗನಿಗೆ ಕೇಳಿಸ್ತಾ?" ಅವಳ ಜತೆಗಿದ್ದವನು "ಹೇಳಿದ್ರಾ? ಎಲ್ಲಿ?" ಅಂದ. ಇಬ್ಬರೂ ಜಗಳವಾಡುತ್ತಾ ಹೋದರು. ನಿರ್ಮಾಪಕ ಗೆಳೆಯನೂ ಬಂದಿದ್ದ. "ಯಾವ ಪ್ಲಗಿನ್ ಹಾಕಿದ್ಯೋ?" ಅಂತ ಕೇಳಿದ, ಯಾವುದೋ ಸಾಫ್ಟ್‌ವೇರ್ ಮಾಡಿದ ಕೆಲಸ ಅಂದುಕೊಂಡು. ಪ್ಲಗಿನ್ ಹೆಸರು ಹೇಳಲಿಲ್ಲ, ಕಾಫಿ ಬಿಲ್ಲು ಅವನೇ ಕೊಟ್ಟ.

ಮುಂದಿನದು ವಾಟ್ಸ್‌ಆ್ಯಪ್ ವಾಯ್ಸ್ ಮೆಸೇಜಿನ ಮೇಲೆ. ಅಲ್ಲಿ ಕೇಳುವವರು 2ಎಕ್ಸ್ ಒತ್ತಿ ಅವ್ವನನ್ನೂ ಓಡಿಸಿಬಿಡುತ್ತಾರೆ, ಅದನ್ನು ಹೇಗೆ ಶೂಟ್ ಮಾಡುವುದು ಅಂತ ಇನ್ನೂ ಬಗೆಹರಿದಿಲ್ಲ. ಅಲ್ಲಿಯವರೆಗೆ ನೂರೈವತ್ತು ಮೀಟರ್ ಡ್ರಾಪ್ ವೈರ್, ಮೋಡೆಮ್ಮಿನಿಂದ ಕಿತ್ತ ಎರಡು ಟ್ರಾನ್ಸ್‌ಫಾರ್ಮರ್, ಹಳದಿ ಬೂತು ನನ್ನ ಹತ್ತಿರ ಖಾಲಿ ಇವೆ. ಫೋನಿನ ಚಿತ್ರ ಮಾಡುವವರು ಬಂದು ಒಯ್ಯಬಹುದು, ಬಾಡಿಗೆ ಬೇಡ, ಗಾಡಿ ನಿಮ್ಮದು. ಫೋನುಗಳನ್ನು ಮಾತ್ರ ಕೊಡಲ್ಲ.